ಚಾಚಿದ ತೋಳುಗಳ ಅಳತೆ

ಮೆಟ್ಟೂರಿನ ಅಣೆಕಟ್ಟು ಸೀತಾಮಲೆ, ಪಾಲಮಲೆ ಎಂಬ ಎರಡು ಬೆಟ್ಟಗಳ ನಡುವಣ ಕಂಡಿಯಲ್ಲಿ ಕಾವೇರಿಗೆ ಅಡ್ಡಲಾಗಿ ನಿಂತಿದೆ. ಪಾಲಮಲೆಯ ಮೇಲೆ ಸಿದ್ಧೇಶ್ವರನ ಗುಡಿಯುಂಟು. ಅದರ ವಾಯವ್ಯಕ್ಕೆ, ಬೆಟ್ಟದ ಹಿಂದೆ ಬೆಟ್ಟವಾಗಿ ಹಬ್ಬಿಹೋಗಿರುವುದು ಮಹದೇಶ್ವರನ ಎಪ್ಪತ್ತೇಳು ಮಲೆಗಳ ಸೀಮೆ. ಈ ಕಡೆಯದು ಇಂದು ತಮಿಳುನಾಡು, ಆ ಕಡೆಯದು ಕರ್ನಾಟಕ. ಆದರೆ 1956ರಲ್ಲಿ ರಾಜ್ಯಗಳ ಗಡಿಗಳನ್ನು ಹೊಸದಾಗಿ ಗೆರೆಯೆಳೆದು ಹಂಚುವವರೆಗೆ ಕೊಳ್ಳೇಗಾಲದ ತಾಲ್ಲೂಕು ಕೊಯಮತ್ತೂರು ಜಿಲ್ಲೆಗೇ ಸೇರಿದ್ದಿತಾದುದರಿಂದ, ಕಾಡಿನ ಈ ಅಂಚಿನವರಿಗೂ ಆ ಅಂಚಿನವರಿಗೂ ಹೆಣ್ಣು ಕೊಟ್ಟು ತರುವುದರಲ್ಲಾಗಲಿ ಜಾತ್ರೆಗೆ ಹೋಗಿಬರುವುದರಲ್ಲಾಗಲಿ ಗಡಿಯೆಂಬುದರ ಪ್ರಜ್ಞೆಯೇ ಇರಲಿಲ್ಲವೆನ್ನಬಹುದು. ಕೊಳತ್ತೂರು, ಪೆನ್ನಾಗರಂ ಸೀಮೆಗಳ ಹಳ್ಳಿಗಳಲ್ಲಿಯೂ ಸೇಲಂ ಪಟ್ಟಣದ ಮಗ್ಗದ ಕೇರಿಗಳಲ್ಲಿಯೂ ಕನ್ನಡವನ್ನು ಮನೆಮಾತಾಗಿ ಉಳಿಸಿಕೊಂಡು ಬಂದ ಕುಟುಂಬಗಳು ಇಂದಿಗೂ ಇವೆ.

ಗಡಿಯು ಮಾತನ್ನು ಬೇರ್ಪಡಿಸಲಾರದೆ ಹೋದರೂ ಅಳತೆಯನ್ನು ಬೇರ್ಪಡಿಸಿತು. ಆ ಕಡೆಯ ಅಣ್ಣನು ತನ್ನ ಹೊಲವನ್ನು ಎಕರೆ, ಗುಂಟೆಗಳಲ್ಲಿ ಹೇಳುತ್ತಾನೆ. ನಲವತ್ತು ಗುಂಟೆಗೆ ಒಂದು ಎಕರೆ, ಗುಂಟೆಯೆಂದರೆ ಮೂವತ್ತಮೂರು ಅಡಿಯ ಚೌಕ. ಈ ಕಡೆಯ ತಮ್ಮನು ತನ್ನದನ್ನು ಎಕರೆ, ಸೆಂಟುಗಳಲ್ಲಿ ಹೇಳುತ್ತಾನೆ. ನೂರು ಸೆಂಟಿಗೆ ಒಂದು ಎಕರೆ. ಒಂದೇ ತಾಯಿಯ ಮಕ್ಕಳು ಒಂದೇ ಮಣ್ಣನ್ನು ಎರಡು ಭಾಷೆಯಲ್ಲಿ ಎಣಿಸುವಂತಾಯಿತು. ಆದರೆ ಯಾವ ಸರಕಾರವೂ ಕೊಡದ, ಯಾವ ಸರಕಾರವೂ ಕಸಿದುಕೊಳ್ಳಲಾರದ ಅಳತೆಯೊಂದು ಎರಡು ಕಡೆಗೂ ಸಾಮಾನ್ಯವಾಗಿ ಉಳಿದಿದೆ. ಅದು ಮನುಷ್ಯನು ತನ್ನ ಎರಡು ತೋಳುಗಳನ್ನೂ ಎಡಬಲಕ್ಕೆ ನೀಡಿ ಚಾಚಿದಾಗ ಒಂದು ನಡುಬೆರಳ ತುದಿಯಿಂದ ಇನ್ನೊಂದು ನಡುಬೆರಳ ತುದಿಯವರೆಗೆ ಆಗುವ ಉದ್ದ, ಎಂದರೆ ನಮ್ಮ ಮಾರು. ಈ ಮಾರಿಗೂ, ಒಂದು ಕಾಲದಲ್ಲಿ ಭೂಗೋಲದ ಗಾತ್ರವನ್ನೇ ನಿರ್ಣಯಿಸಿದ ಒಂದು ಶಾಸ್ತ್ರೀಯ ಮಾನಕ್ಕೂ ಇರುವ ರಕ್ತಸಂಬಂಧವನ್ನು ಕುರಿತು ಬರೆಯಬೇಕೆಂಬುದು ನನ್ನ ಬಹುದಿನದ ಆಸೆ. ಏಕೆಂದರೆ ಆ ಭೂಮಾಪನದ ಗೆರೆಯು ಹಾದುಹೋದುದು ಈ ಬೆಟ್ಟಗಳ ಸೀಮೆಯಲ್ಲಿಯೇ.

ಹನ್ನೆರಡು ಅಂಗುಲ ಒಂದು ಗೇಣು, ಎರಡು ಗೇಣು ಒಂದು ಮೊಳ, ನಾಲ್ಕು ಮೊಳ ಒಂದು ಮಾರು: ಇದು ನಮ್ಮ ಹಿರಿಯರು ಬಾಯಿಪಾಠವಾಗಿ ಬಲ್ಲ ಕೋಷ್ಟಕ. ತಮಿಳರು ಇದನ್ನು ಮಾರ್ ಎನ್ನುತ್ತಾರೆ, ತೆಲುಗರು ಬಾರ ಎನ್ನುತ್ತಾರೆ, ಸಂಸ್ಕೃತದಲ್ಲಿ ಇದಕ್ಕೆ ವ್ಯಾಮವೆಂದು ಹೆಸರು. ನೇಕಾರನು ಹದಿನೆಂಟು ಮೊಳದ ಸೀರೆಯೆಂದಾಗ ಅದು ನಾಲ್ಕೂವರೆ ಮಾರಿನ ಸೀರೆ. ಬಾವಿಯ ಹಗ್ಗವನ್ನು ಕೊಳ್ಳುವವನು ಅಂಗಡಿಯವನ ಮಾತನ್ನು ನಂಬದೆ ತಾನೇ ಮಾರು ಹಾಕಿ ನೋಡುತ್ತಿದ್ದನು. ಹೂವಾಡಗಿತ್ತಿಯು ಕಟ್ಟಿದ ಮಲ್ಲಿಗೆಯನ್ನು ಮೊಳ ಹಾಕಿಯೋ ಮಾರು ಹಾಕಿಯೋ ಕತ್ತರಿಸಿಕೊಡುವುದನ್ನು ಇಂದಿಗೂ ಯಾವ ಪೇಟೆಯ ಮೂಲೆಯಲ್ಲಿಯಾದರೂ ಕಾಣಬಹುದು. ಇಲ್ಲಿ ಒಂದು ಸೂಕ್ಷ್ಮವುಂಟು. ನೀರಿನ ಆಳವನ್ನು ಹೇಳುವಾಗ ನಾವು ಮಾರು ಎನ್ನುವುದಿಲ್ಲ, ಆಳು ಎನ್ನುತ್ತೇವೆ. ಆಳುದ್ದ ನೀರು, ಎರಡಾಳು ಮಡು. ಅಡ್ಡಕ್ಕೆ ತೋಳು, ಆಳಕ್ಕೆ ಮೈಯುದ್ದ. ಮನುಷ್ಯನ ತೋಳಿನ ಹರವೂ ಅವನ ಎತ್ತರವೂ ಹೆಚ್ಚುಕಡಿಮೆ ಸಮವಾಗಿರುವುದರಿಂದ ಮಾರು ಮತ್ತು ಆಳು ಒಂದೇ ಉದ್ದದ ಎರಡು ಹೆಸರುಗಳು, ಒಂದು ಮಲಗಿದುದು, ಇನ್ನೊಂದು ನಿಂತುದು. ಈ ಸಮತ್ವವನ್ನು ನಮ್ಮ ಜನ ಯಾವ ಗ್ರಂಥದಿಂದಲೂ ಕಲಿಯಲಿಲ್ಲ. ಹಗ್ಗವನ್ನು ಮಾರು ಹಾಕಿ ಬಾವಿಗೆ ಇಳಿಬಿಟ್ಟ ಕೈಗಳೇ ಅದನ್ನು ಕಲಿಸಿದವು.

ಇಂಗ್ಲಿಷರ ಫ್ಯಾದಮ್ ಎಂಬ ಮಾನವು ಇದೇ. ಹಳೆಯ ಇಂಗ್ಲಿಷಿನಲ್ಲಿ ಆ ಪದಕ್ಕೆ ಚಾಚಿದ ತೋಳುಗಳೆಂದೇ ಅರ್ಥ, ಅದರಿಂದ ಹೊರಟ ಕ್ರಿಯಾಪದಕ್ಕೆ ತಬ್ಬಿಕೊಳ್ಳುವುದೆಂದು ಅರ್ಥ. ಅದರ ಮೌಲ್ಯ ಆರು ಅಡಿ, ಹದಿನೆಂಟು ಇಂಚಿನ ನಾಲ್ಕು ಮೊಳ. ನಮ್ಮ ಕೋಷ್ಟಕದ ನಾಲ್ಕು ಮೊಳಕ್ಕೆ ಸರಿಸಮಾನ. ಹಡಗಿನವನು ಸೀಸದ ಗುಂಡು ಕಟ್ಟಿದ ಹಗ್ಗವನ್ನು ನೀರಿಗೆ ಬಿಟ್ಟು ತಳ ಮುಟ್ಟಿದೊಡನೆ ಮೇಲಕ್ಕೆ ಸೆಳೆಯುವಾಗ, ಒಂದೊಂದು ಸೆಳೆತಕ್ಕೆ ತೋಳುಗಳು ಪೂರ್ತಿ ಅಗಲವಾಗುತ್ತಿದ್ದುದರಿಂದ, ತೋಳಿನ ಅಳತೆಯೇ ಕಡಲಿನ ಆಳದ ಅಳತೆಯಾಯಿತು. ಅಲ್ಲಿಂದ ಮುಂದೆ ಆ ಕ್ರಿಯಾಪದದ ಅರ್ಥವು ಇನ್ನೂ ಒಳಕ್ಕೆ ಇಳಿಯಿತು: ತಬ್ಬುವುದು ಎಂಬುದು ಆಳವನ್ನು ಅಳೆಯುವುದು ಎಂದಾಗಿ, ಕೊನೆಗೆ ಒಂದು ಗಹನವಾದ ವಿಷಯವನ್ನು ತಿಳಿದುಕೊಳ್ಳುವುದು ಎಂದಾಯಿತು. ಮಿಸಿಸಿಪ್ಪಿ ನದಿಯ ಹಡಗುಗಳಲ್ಲಿ ಎರಡು ಫ್ಯಾದಮ್ ಆಳವನ್ನು ಕೂಗಿ ಹೇಳುತ್ತಿದ್ದ ಸಂಜ್ಞೆಯನ್ನೇ ಒಬ್ಬ ಲೇಖಕನು ತನ್ನ ಕಾವ್ಯನಾಮವಾಗಿ ಇಟ್ಟುಕೊಂಡನು. ಮಾರ್ಕ್ ಟ್ವೇನ್ ಎಂದರೆ ಎರಡು ಮಾರಿನ ಗುರುತು, ನಮ್ಮ ಮಾತಿನಲ್ಲಿ ಎರಡಾಳು.

ಫ್ರೆಂಚರ ತ್ವಾಜ್ ಎಂಬುದೂ ಇದೇ ಕುಲದ್ದು. ಲ್ಯಾಟಿನ್ನಿನ ‘ಚಾಚಿದ’ ಎಂಬ ಪದದಿಂದ ಹುಟ್ಟಿದ ಆ ಮಾನವು ಅವರ ಆರು ಅಡಿಗಳಿಗೆ ಸಮ. ಆದರೆ ಅವರ ಅಡಿ ಇಂಗ್ಲಿಷರ ಅಡಿಗಿಂತ ದೊಡ್ಡದಾದುದರಿಂದ ಒಂದು ತ್ವಾಜ್ ಇಂದಿನ ಲೆಕ್ಕದಲ್ಲಿ 1.949 ಮೀಟರು, ಒಂದು ಫ್ಯಾದಮ್ 1.8288 ಮೀಟರು. ಹದಿನೆಂಟನೆಯ ಶತಮಾನದಲ್ಲಿ ಭೂಮಿಯು ಧ್ರುವಗಳಲ್ಲಿ ಚಪ್ಪಟೆಯೋ ಅಥವಾ ನಿಂಬೆಹಣ್ಣಿನಂತೆ ಚೂಪೋ ಎಂಬ ವಾದವು ಯೂರೋಪಿನ ವಿದ್ವಾಂಸರನ್ನು ಎರಡು ಪಕ್ಷವಾಗಿ ಸೀಳಿದ್ದಾಗ, ಪ್ಯಾರಿಸ್ಸಿನ ಅಕಾಡೆಮಿಯು 1735ರಲ್ಲಿ ಒಂದು ತಂಡವನ್ನು ಸಮಭಾಜಕದ ಬಳಿಯ ಪೆರುವಿಗೂ 1736ರಲ್ಲಿ ಇನ್ನೊಂದನ್ನು ಧ್ರುವದ ಬಳಿಯ ಲ್ಯಾಪ್‌ಲ್ಯಾಂಡಿಗೂ ಕಳುಹಿಸಿತು. ಪೆರುವಿಗೆ ಒಯ್ದ ಕಬ್ಬಿಣದ ತ್ವಾಜ್ ಮುಂದೆ 1766ರಲ್ಲಿ ಫ್ರಾನ್ಸಿನ ಅಧಿಕೃತ ಮಾನವಾಯಿತು. ಅಕ್ಷಾಂಶದ ಒಂದು ಡಿಗ್ರಿಯ ಉದ್ದವು ಪೆರುವಿನಲ್ಲಿ ಆ ತಂಡದ ಬೂಗೇರನ ಲೆಕ್ಕದಂತೆ 56,753 ತ್ವಾಜ್, ಲ್ಯಾಪ್‌ಲ್ಯಾಂಡಿನಲ್ಲಿ ಇನ್ನೊಂದು ತಂಡದ ಮೊಪೆರ್ಚುವಿಯ ಲೆಕ್ಕದಂತೆ 57,437 ತ್ವಾಜ್ ಎಂದು ಕಂಡುಬಂದಿತು. ಧ್ರುವದ ಕಡೆ ಡಿಗ್ರಿಯು ಉದ್ದವಾದರೆ ಅಲ್ಲಿ ಭೂಮಿಯ ಬಾಗು ಕಡಿಮೆ, ಎಂದರೆ ಅಲ್ಲಿ ಅದು ಚಪ್ಪಟೆ. ಚಪ್ಪಟೆಯೆಂದ ನ್ಯೂಟನ್ನನ ಪಕ್ಷ ಗೆದ್ದಿತು; ಗೆಲ್ಲಿಸಿದುದು ತೋಳುಗಳ ಅಳತೆಯಲ್ಲಿ ಕಂಡ ಏಳುನೂರಕ್ಕೂ ಕಡಿಮೆ ಮಾರುಗಳ ವ್ಯತ್ಯಾಸ. ಮೀಟರು ಕೂಡ ಇದರ ಮಗುವೇ. 1799ರಲ್ಲಿ ಅದನ್ನು ನಿಶ್ಚಯಿಸಿದಾಗ ತ್ವಾಜಿನ 864 ರೇಖೆಗಳಲ್ಲಿ 443.296 ರೇಖೆಗಳಷ್ಟು ಎಂದೇ ಅದರ ಉದ್ದವನ್ನು ಹೇಳಬೇಕಾಯಿತು.

ಅದೇ 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದಿತು. ಅದನ್ನು ಮುತ್ತಿದ ಸೈನ್ಯದಲ್ಲಿ 33ನೆಯ ಪದಾತಿದಳದ ವಿಲಿಯಂ ಲ್ಯಾಂಬ್ಟನ್ ಎಂಬ ಅಧಿಕಾರಿಯಿದ್ದನು. ಯುದ್ಧ ಮುಗಿದೊಡನೆ ಅವನು ಪರ್ಯಾಯದ್ವೀಪದ ಉದ್ದಗಲಗಳನ್ನು ತ್ರಿಕೋನಗಳ ಸರಣಿಯಿಂದ ಅಳೆಯುವ ಯೋಜನೆಯನ್ನು ಮದರಾಸಿನ ಸರಕಾರದ ಮುಂದಿಟ್ಟನು. ಕಂಪನಿಗೆ ಬೇಕಾಗಿದ್ದುದು ಗೆದ್ದ ನೆಲದ ನಕ್ಷೆ. ಲ್ಯಾಂಬ್ಟನ್ನನಿಗೆ ಬೇಕಾಗಿದ್ದುದು ಭೂಮಿಯ ಆಕಾರ. ಒಂದರ ನೆಪದಲ್ಲಿ ಇನ್ನೊಂದನ್ನು ಸಾಧಿಸಿಕೊಂಡ ಅವನ ಏಕಾಗ್ರತೆಯನ್ನು ನಾನು ಮೆಚ್ಚುತ್ತೇನೆ, ನಕ್ಷೆಯ ಹಿಂದಿದ್ದ ಆಳ್ವಿಕೆಯ ಹಸಿವನ್ನು ಮರೆಯದೆಯೇ ಮೆಚ್ಚುತ್ತೇನೆ. ನಮ್ಮ ಈ ಸೀಮೆಯು ಆ ಹಸಿವಿಗೆ ಅದಕ್ಕೂ ಮುಂಚೆಯೇ ತುತ್ತಾಗಿದ್ದಿತು: 1792ರ ಒಪ್ಪಂದದಲ್ಲಿ ಟಿಪ್ಪು ಸುಲ್ತಾನನು ಬಿಟ್ಟುಕೊಟ್ಟ ಬಾರಾಮಹಲ್ ಮತ್ತು ಸೇಲಂ ಪ್ರದೇಶದಲ್ಲಿ ಅಲೆಕ್ಸಾಂಡರ್ ರೀಡನೂ ಅವನ ಕೈಕೆಳಗಿನ ತಾಮಸ್ ಮನ್ರೋವೂ ಹೊಲಹೊಲವನ್ನೂ ಅಳೆಯಿಸಿ ಕಂದಾಯವನ್ನು ಗೊತ್ತುಪಡಿಸಿದ್ದರು.

ಲ್ಯಾಂಬ್ಟನ್ನನ ಉಕ್ಕಿನ ಸರಪಳಿಯ ಕಥೆಯನ್ನು ಹೇಳದೆ ಮುಂದೆ ಹೋಗಲಾಗದು. ಲಂಡನ್ನಿನ ರ್ಯಾಮ್ಸ್‌ಡನ್ ಎಂಬ ಯಂತ್ರಕಾರನ ಕೆಲಸ ಅದು; ನೂರು ಅಡಿ ಉದ್ದ, ಎರಡೂವರೆ ಅಡಿಯ ನಲವತ್ತು ಕೊಂಡಿಗಳು. ಇಂಗ್ಲೆಂಡಿನ ರಾಜನು ಚೀನಾದ ಚಕ್ರವರ್ತಿಗೆ ಕಾಣಿಕೆಯಾಗಿ 1792ರಲ್ಲಿ ರಾಯಭಾರಿ ಮೆಕಾರ್ಟ್ನಿಯ ಜೊತೆ ಕಳುಹಿಸಿದ್ದ ವಸ್ತುಗಳಲ್ಲಿ ಅದೂ ಒಂದು. ಚಕ್ರವರ್ತಿಗೆ ಅದು ಬೇಡವಾಯಿತು. ರಾಯಭಾರದಲ್ಲಿದ್ದ ಡಿನ್‌ವಿಡಿ ಎಂಬ ವಿದ್ವಾಂಸನ ಪಾಲಿಗೆ ಬಂದು, ಅವನೊಡನೆ ಕಲ್ಕತ್ತೆಗೆ ಸೇರಿ, ಅಲ್ಲಿಂದ ಲ್ಯಾಂಬ್ಟನ್ನನ ಕೈಗೆ ದಾಟಿತು. ಬೇಡವೆನಿಸಿಕೊಂಡ ಆ ಕಾಣಿಕೆಯೇ 1800ರಲ್ಲಿ ಬೆಂಗಳೂರಿನ ಬಳಿಯ ಬಯಲಿನಲ್ಲಿ ಮೊದಲ ಆಧಾರರೇಖೆಯಾಗಿ ಹಾಸಿಕೊಂಡಿತು. 1802ರ ಏಪ್ರಿಲ್ 10ರಂದು ಮದರಾಸಿನ ಸೇಂಟ್ ಥಾಮಸ್ ಬೆಟ್ಟದ ಬಳಿ ಆರಂಭವಾದ ಇನ್ನೊಂದು ಆಧಾರರೇಖೆಯ ಉದ್ದ ಏಳೂವರೆ ಮೈಲಿ. ನೂರು ಅಡಿಯ ಸರಪಳಿಯನ್ನು ನಾಲ್ಕುನೂರು ಸಲ, ಮುಕ್ಕಾಲಿಗಳ ಮೇಲಿಟ್ಟ ಮರದ ಪೆಟ್ಟಿಗೆಗಳಲ್ಲಿ ಮಟ್ಟಸವಾಗಿ ಮಲಗಿಸಿ, ಉಷ್ಣಮಾಪಕಗಳನ್ನು ಅದರ ಮಗ್ಗುಲಲ್ಲಿಟ್ಟು, ಬಿಸಿಲಿಗೆ ಉಕ್ಕು ಎಷ್ಟು ಹಿಗ್ಗಿತೆಂಬುದನ್ನು ಪ್ರತಿ ಸಲವೂ ಲೆಕ್ಕ ಹಾಕಿ ಕಳೆಯಬೇಕಾಗಿದ್ದಿತು. ಏಪ್ರಿಲ್, ಮೇ ತಿಂಗಳ ಮದರಾಸಿನ ಬಿಸಿಲನ್ನು ಬಲ್ಲವರಿಗೆ ಇದರ ಕಷ್ಟವನ್ನು ವಿವರಿಸಬೇಕಾಗಿಲ್ಲ. 1804ರಲ್ಲಿ ಬೆಂಗಳೂರಿನ ಬಳಿ ಮತ್ತೊಂದು ರೇಖೆಯನ್ನು ನೆಲದ ಮೇಲೆ ಅಳೆದಾಗ, ಮದರಾಸಿನಿಂದ ತ್ರಿಕೋನಗಳ ಮೂಲಕ ಗಣಿಸಿಕೊಂಡು ಬಂದ ಉದ್ದಕ್ಕೂ ಅದಕ್ಕೂ ಕಂಡ ವ್ಯತ್ಯಾಸ ನಾಲ್ಕು ಇಂಚಿಗೂ ಕಡಿಮೆ, ಅರ್ಧ ಗೇಣಿಗಿಂತ ಕಡಿಮೆ.

ಆ ಬಳಿಕ ಸರಣಿಯು ದಕ್ಷಿಣಕ್ಕೆ ತಿರುಗಿತು. ಬೆಂಗಳೂರಿನ ದೊಡ್ಡಗುಂಟದಲ್ಲಿ ನಕ್ಷತ್ರಗಳನ್ನು ನೋಡಿ ಅಕ್ಷಾಂಶವನ್ನು ಗೊತ್ತುಮಾಡಿಕೊಂಡು, ಅಲ್ಲಿಂದ ಎರಡು ಡಿಗ್ರಿ ಕೆಳಗೆ ಕೊಯಮತ್ತೂರು ಸೀಮೆಯ ಪಾಚಪಾಳೆಯದಲ್ಲಿ ಮತ್ತೆ ಅದೇ ನಕ್ಷತ್ರಗಳನ್ನು ನೋಡಿದರು. 1809ರ ಹೊತ್ತಿಗೆ ಕನ್ಯಾಕುಮಾರಿಯ ಬಳಿಯ ಪುನ್ನೈ ಎಂಬಲ್ಲಿಗೆ ಗೆರೆ ಮುಟ್ಟಿತು. ಭೂಪಟದ ಮೇಲೆ ದೊಡ್ಡಗುಂಟಕ್ಕೂ ಪಾಚಪಾಳೆಯಕ್ಕೂ ಒಂದು ದಾರವನ್ನು ಬಿಗಿದರೆ ಅದು ಹನ್ನೊಂದೂಮುಕ್ಕಾಲು ಡಿಗ್ರಿ ಅಕ್ಷಾಂಶದ ಆಸುಪಾಸಿನಲ್ಲಿ ಪಾಲಮಲೆಯ ಬಳಿಯ ಸೀಮೆಯನ್ನೇ ಹಾಯುತ್ತದೆ. ಹಾರೆ ಪಿಕಾಸಿಗಳನ್ನು ಮಾತ್ರ ಬಲ್ಲ ಬೆಟ್ಟಗಳ ತುದಿಗೆ ಬಾವುಟಗಳೂ ರಾತ್ರಿಯ ದೀಪಗಳೂ ಏರಿದವು. ಕೋನಗಳನ್ನು ಅಳೆಯುವ, ಅರ್ಧ ಟನ್ನು ತೂಗುವ ಥಿಯೊಡೊಲೈಟನ್ನು ಹೊತ್ತ ಹೆಗಲುಗಳು ಈ ನಾಡಿನವರವು. ಆ ಹೆಗಲುಗಳ ಹೆಸರು ಯಾವ ವರದಿಯಲ್ಲಿಯೂ ಬರುವುದಿಲ್ಲವೆಂಬುದು ನನ್ನನ್ನು ಪ್ರತಿ ಸಲವೂ ನೋಯಿಸುವ ಸಂಗತಿ. ಆ ಯಂತ್ರಕ್ಕಾದರೋ ದೊಡ್ಡ ಚರಿತ್ರೆಯೇ ಉಂಟು: ಬರುವ ದಾರಿಯಲ್ಲಿ ಫ್ರೆಂಚ್ ಯುದ್ಧನೌಕೆಯೊಂದು ಅದನ್ನು ಹಿಡಿದು ಮಾರಿಷಸ್ಸಿಗೆ ಒಯ್ದುದು, ಅಲ್ಲಿಯ ಗವರ್ನರನು ವಿದ್ಯೆಗೆ ಗೌರವವನ್ನಿತ್ತು ಮದರಾಸಿಗೆ ಮರಳಿಸಿದುದು, 1808ರಲ್ಲಿ ಇದೇ ಕಾವೇರಿಯ ಕೆಳದಂಡೆಯ ತಂಜಾವೂರಿನ ದೊಡ್ಡ ಗುಡಿಯ ಗೋಪುರಕ್ಕೆ ಏರಿಸುವಾಗ ಹಗ್ಗ ಹರಿದು ಗೋಡೆಗೆ ಬಡಿದುದು, ಲ್ಯಾಂಬ್ಟನ್ ಡೇರೆಯಲ್ಲಿ ಬಾಗಿಲು ಹಾಕಿಕೊಂಡು ಆರು ವಾರ ಕುಳಿತು ಅದರ ಸೊಟ್ಟ ತಿದ್ದಿದುದು.

ಬೆಂಗಳೂರಿನ ಮೊದಲ ರೇಖೆ ಅಳೆಯಲ್ಪಡುತ್ತಿದ್ದ 1800ರಲ್ಲಿಯೇ ಫ್ರಾನ್ಸಿಸ್ ಬುಕಾನನ್ ಎಂಬ ವೈದ್ಯನು ಕೊಳ್ಳೇಗಾಲದ ಕಡೆಯಿಂದ ಘಟ್ಟವಿಳಿದು ಪಾಲಮಲೆಯ ಬುಡದ ಕಾವೇರಿಪುರವನ್ನು ಹಾದುಹೋದನು. ಅವನು ನೋಡಿದುದು ಬೆಳೆ, ಮಣ್ಣು, ಮಗ್ಗ, ಜಾತಿ, ತೆರಿಗೆ. ಲ್ಯಾಂಬ್ಟನ್ ನೋಡಿದುದು ಕೋನ ಮತ್ತು ನಕ್ಷತ್ರ. ಒಂದೇ ವರ್ಷ ನಮ್ಮ ನಾಡು ಎರಡು ಬಗೆಯ ಕಣ್ಣುಗಳ ಎದುರಿಗೆ ನಿಂತಿತು. ಇಬ್ಬರ ಸುತ್ತಲಿನ ಜನರೂ ದಾರಿಯನ್ನು ಹರಿದಾರಿಯಲ್ಲಿ, ಗಾವುದದಲ್ಲಿ, ಕಾಡಿನೊಳಗಾದರೆ ಕೂಗಳತೆಯಲ್ಲಿ ಹೇಳುತ್ತಿದ್ದರು. ಕೂಗಳತೆಯ ದೂರವನ್ನು ಅಡಿಗಳಲ್ಲಿ ಹೇಳಿರೆಂದರೆ ಯಾರೂ ಹೇಳಲಾರರು, ಆದರೂ ದಾರಿ ತಪ್ಪಿದವನಿಗೆ ಅದಕ್ಕಿಂತ ನಿಖರವಾದ ಮಾನ ಇನ್ನೊಂದಿಲ್ಲ: ಕೂಗಿದರೆ ಓಗೊಡುವವರು ಉಂಟೋ ಇಲ್ಲವೋ ಎಂಬುದೇ ಅಲ್ಲಿ ಮುಖ್ಯ.

ಲ್ಯಾಂಬ್ಟನ್ ತನ್ನ ಮೊದಲ ಫಲವನ್ನು ‘ಏಷಿಯಾಟಿಕ್ ರಿಸರ್ಚಸ್’ ಪತ್ರಿಕೆಯ 8ನೆಯ ಸಂಪುಟದಲ್ಲಿ ಪ್ರಕಟಿಸಿದನು. ಕೋರಮಂಡಲ ತೀರದಲ್ಲಿ, ಹನ್ನೆರಡು ಡಿಗ್ರಿ ಮೂವತ್ತೆರಡು ಮಿನಿಟು ಅಕ್ಷಾಂಶದಲ್ಲಿ, ಒಂದು ಡಿಗ್ರಿಯ ಉದ್ದ 60,494 ಫ್ಯಾದಮ್. ಅಡಿಗಳಲ್ಲಿ ಅಳೆದು, ಇಂಚಿನ ಭಾಗಗಳವರೆಗೆ ತಿದ್ದಿ, ಕೊನೆಗೆ ಜಗತ್ತಿಗೆ ಹೇಳುವಾಗ ಫ್ಯಾದಮಿನಲ್ಲಿ ಹೇಳಿದನು. ಇಂಗ್ಲೆಂಡಿನಲ್ಲಿ ಡಿಗ್ರಿಯನ್ನು ಅಳೆದವರೂ ಫ್ಯಾದಮಿನಲ್ಲಿಯೇ ಹೇಳಿದ್ದರು. ಫ್ರೆಂಚರ ತ್ವಾಜಿನ ಎದುರಿಗೆ ಹಿಡಿದು ನೋಡಲು ಅದೇ ಅನುಕೂಲ. ಇಂದಿನ ಮಾನದಲ್ಲಿ ಅದು ಸುಮಾರು 110 ಕಿಲೋಮೀಟರು 631 ಮೀಟರು, ಇಂದು ನಾವು ಬಲ್ಲ ಉದ್ದಕ್ಕೆ ಕೇವಲ ಕೆಲವು ಮೀಟರುಗಳ ಅಂತರ. ಆ ವಾಕ್ಯವನ್ನು ಕನ್ನಡದಲ್ಲಿ ಹೇಳುವುದಾದರೆ ಹೀಗೆ ಹೇಳಬೇಕು: ಅರವತ್ತು ಸಾವಿರದ ನಾನೂರ ತೊಂಬತ್ತನಾಲ್ಕು ಮಂದಿ ತೆಂಕಣದಿಂದ ಬಡಗಣಕ್ಕೆ ಒಬ್ಬರ ಬೆರಳಿಗೆ ಒಬ್ಬರು ಬೆರಳು ತಾಗಿಸಿ ತೋಳು ಚಾಚಿ ನಿಂತರೆ ಭೂಮಂಡಲದ ಸುತ್ತಿನ ಮುನ್ನೂರ ಅರವತ್ತರಲ್ಲಿ ಒಂದು ಪಾಲು ತುಂಬುತ್ತದೆ. ನಮ್ಮ ಹೂವಾಡಗಿತ್ತಿಯ ಮಾನವೇ ಭೂಮಿಯ ಮಾನವಾಗಿದ್ದ ಕಾಲ ಅದು. ಭಾಷೆ ಬೇರೆಯಾಗಿದ್ದುದರಿಂದ ನಮಗೆ ಅದು ತಿಳಿಯಲಿಲ್ಲ. ಅವರಿಗೂ ತಮ್ಮ ಪೆಟ್ಟಿಗೆಗಳನ್ನು ಹೊತ್ತವನು ತನ್ನ ಹಗ್ಗವನ್ನು ಅದೇ ಮಾನದಿಂದ ಅಳೆಯುತ್ತಿದ್ದಾನೆಂಬುದು ಹೊಳೆಯಲಿಲ್ಲವೆಂದು ತೋರುತ್ತದೆ.

ಲ್ಯಾಂಬ್ಟನ್ 1823ರ ಜನವರಿಯಲ್ಲಿ ಹಿಂಗನ್‌ಘಾಟಿನಲ್ಲಿ ತೀರಿಕೊಂಡನು. ಅವನ ಬಳಿಕ ಅದೇ ಭೂಮಾಪನದ ಕೆಲಸಕ್ಕೆ ಬಂದ ಎವರೆಸ್ಟನ ಕಾಲಕ್ಕೆ ಫ್ಯಾದಮ್ ಹಿಂದೆ ಸರಿದು ಅಡಿಯೇ ಮುಂದಾಯಿತು. 1830ರಲ್ಲಿ ಅವನು ಗಣಿಸಿದ ಭೂಗೋಲದ ಸಮಭಾಜಕ ತ್ರಿಜ್ಯ 2,09,22,931.80 ಅಡಿ. ಆ ಅಡಿ ‘ಇಂಡಿಯನ್ ಅಡಿ’, ಎವರೆಸ್ಟ್ ತಂದ ಹತ್ತು ಅಡಿಯ ಲೋಹದ ಸರಳನ್ನು ಅವಲಂಬಿಸಿದುದು. ಇಂಗ್ಲೆಂಡಿನ ಅಡಿಗಿಂತ ಕೂದಲೆಳೆಗಿಂತಲೂ ಸಣ್ಣ ವ್ಯತ್ಯಾಸವುಳ್ಳದ್ದು. ಅದನ್ನು ಮೀಟರಿಗೆ ಪರಿವರ್ತಿಸುವ ಹೊತ್ತು ಬಂದಾಗ ತೊಡಕು ಕಾಣಿಸಿತು: 1937ರಲ್ಲಿ ಅದರ ಮೌಲ್ಯವನ್ನು 0.30479841 ಮೀಟರೆಂದೂ 1975ರಲ್ಲಿ 0.3047995 ಮೀಟರೆಂದೂ ಎಣಿಸಿದರು. ಅಡಿಯ ಲೆಕ್ಕದಲ್ಲಿ ಭೂಮಿ ಹಾಗೆಯೇ ಇದ್ದಿತು, ಮೀಟರಿನ ಲೆಕ್ಕದಲ್ಲಿ ಅದರ ತ್ರಿಜ್ಯ 63,77,276.345ರಿಂದ 63,77,299.151ಕ್ಕೆ ಏರಿತು. ಒಂದು ಅಡಿಯಲ್ಲಿ ಕಣ್ಣಿಗೆ ಕಾಣದ ಭೇದವು ಭೂಮಿಯ ನಡುವಿನವರೆಗೆ ಹೋಗುವಷ್ಟರಲ್ಲಿ ಹನ್ನೆರಡು ಮಾರಿಗೂ ಮಿಕ್ಕಿತು.

1956ರ ತೂಕ ಅಳತೆಗಳ ಶಾಸನವು 1958ರ ಅಕ್ಟೋಬರಿನಿಂದ ಮೆಟ್ರಿಕ್ ಪದ್ಧತಿಯನ್ನು ಹಂತಹಂತವಾಗಿ ಬಳಕೆಗೆ ತಂದಿತು. ಬಟ್ಟೆಯಂಗಡಿಯಲ್ಲಿ ಗಜಕೋಲು ಹೋಗಿ ಮೀಟರುಕೋಲು ಬಂದಿತು. ಸೇರು ಪಾವುಗಳೂ ಕಾಣೆಯಾದವು. ತ್ವಾಜ್ ಈಗ ಚರಿತ್ರಕಾರರ ಪುಸ್ತಕದಲ್ಲಿ ಮಾತ್ರ ಇದೆ. ಭೂಮಾಪನದಿಂದ ಹೊರಬಿದ್ದ ಫ್ಯಾದಮ್ ಕಡಲಿನ ಹಳೆಯ ನಕ್ಷೆಗಳಲ್ಲಿ ಉಳಿದು, ಅಲ್ಲಿಯೂ ಈಗ ಮೀಟರಿಗೆ ಜಾಗ ಬಿಟ್ಟುಕೊಡುತ್ತಿದೆ. ಆದರೆ ಇಂಗ್ಲಿಷನ್ನಾಡುವವನು ಒಂದು ವಿಷಯದ ಆಳ ತನಗೆ ತಿಳಿಯಲಿಲ್ಲವೆಂದು ಹೇಳುವಾಗ ಇಂದಿಗೂ ಅದೇ ಕ್ರಿಯಾಪದವನ್ನು ಬಳಸುತ್ತಾನೆ, ತನ್ನ ಅಜ್ಜಂದಿರು ಅದರಿಂದ ತಬ್ಬಿಕೊಳ್ಳುವುದನ್ನು ಸೂಚಿಸುತ್ತಿದ್ದರೆಂಬುದನ್ನು ಅರಿಯದೆ. ನಮ್ಮಲ್ಲಿ ಮಾರು ಎಂಬುದು ಹಾಗೆ ಮನಸ್ಸಿನೊಳಕ್ಕೆ ಇಳಿಯಲಿಲ್ಲ. ಅದು ಕೈಯಲ್ಲಿಯೇ ಉಳಿಯಿತು. ಮಾರುದೂರ ನಿಲ್ಲು ಎಂದು ಗದರುವ ತಾಯಿಯ ಮಾತಿನಲ್ಲಿ, ಹಗ್ಗದಲ್ಲಿ, ಹೂವಿನಲ್ಲಿ.

ಅಡಿಯಾದರೋ ಪಾಲಮಲೆಯ ಬುಡದಲ್ಲಿ ಇನ್ನೂ ಆಳುತ್ತಿದೆ. 1925ರಲ್ಲಿ ಕಟ್ಟಲಾರಂಭಿಸಿ 1934ರಲ್ಲಿ ಮುಗಿಸಿದ ಮೆಟ್ಟೂರಿನ ಜಲಾಶಯದ ಪೂರ್ಣಮಟ್ಟ 120 ಅಡಿ, ಅದು ಹಿಡಿಯುವ ನೀರು 93.47 ಟಿಎಂಸಿ, ಎಂದರೆ ಸಾವಿರ ದಶಲಕ್ಷದ ಲೆಕ್ಕದಲ್ಲಿ ಎಣಿಸಿದ ಘನ ಅಡಿ. ಮೆಟ್ರಿಕ್ ಶಾಸನ ಬಂದು ಇಷ್ಟು ದಶಕಗಳಾದರೂ ಕಾವೇರಿಯ ವ್ಯಾಜ್ಯವನ್ನು ಎರಡು ರಾಜ್ಯಗಳೂ ವಾದಿಸುವುದು ಘನ ಅಡಿಗಳಲ್ಲಿ. ಮಳೆಗಾಲದ ಬೆಳಗಿನಲ್ಲಿ ಸೇಲಂ, ತಂಜಾವೂರು ಸೀಮೆಗಳ ರೈತನು ಪತ್ರಿಕೆಯಲ್ಲಿ ಮೊದಲು ಹುಡುಕುವುದು ಅಣೆಕಟ್ಟಿನ ಮಟ್ಟ ನಿನ್ನೆಗಿಂತ ಎಷ್ಟು ಅಡಿ ಏರಿತೆಂಬುದನ್ನು, ಹಾಗೆಯೇ ಮಂಡ್ಯದ ರೈತನು ಕನ್ನಂಬಾಡಿಯ 124.80 ಅಡಿಯನ್ನು.

ನೀರು ಬಹಳ ಇಳಿದ ವರ್ಷಗಳಲ್ಲಿ ಪಣ್ಣವಾಡಿಯ ಬಳಿ, ಅಣೆಕಟ್ಟಿನ ಕಾಲದಲ್ಲಿ ಮುಳುಗಿದ ಜಲಕಂಠೇಶ್ವರನ ಗುಡಿಯ ನಂದಿ ಮೊದಲು ತಲೆಯನ್ನೂ ಆಮೇಲೆ ಮೈಯನ್ನೂ ನೀರಿನಿಂದ ಹೊರಗೆ ಚಾಚುತ್ತದೆ. ಅದರ ಬಳಿಯೇ ಹಳೆಯ ಚರ್ಚಿನ ಗೋಪುರವೂ ಏಳುತ್ತದೆ. ದಡದಲ್ಲಿ ನಿಂತು ನೋಡುವವರು ಅಡಿಯ ಲೆಕ್ಕ ಹಾಕುತ್ತಾರೆ. ಹರಿಗೋಲಿನವನು ಮಾತ್ರ ಗಳುವನ್ನು ತಳಕ್ಕೆ ಊರಿ, ಅದು ಒದ್ದೆಯಾದಷ್ಟು ಉದ್ದವನ್ನು ತನ್ನ ಮೈಗೆ ಹಿಡಿದು ನೋಡಿ, ಇಲ್ಲಿ ಒಂದಾಳು, ಅಲ್ಲಿ ಎರಡಾಳು ಎನ್ನುತ್ತಾನೆ.